ಬಣ್ಣ ತೆಗೆಯುವ ಹೊತ್ತು

ಮಗಳ ಎಸ್ಸೆಸ್ಸೆಲ್ಸಿ ರಿಸಲ್ಟ್ ಬಂದ ದಿನ ನಾನು ಮಾಡಿದ ಮೊದಲ ಕೆಲಸ ಏನು ಗೊತ್ತಾ? ಅಂಕಪಟ್ಟಿಯ ಸ್ಕ್ರೀನ್‌ಶಾಟ್ ತೆಗೆದು ವಾಟ್ಸಾಪ್ ಸ್ಟೇಟಸ್‌ಗೆ ಹಾಕಿದೆ. 625ಕ್ಕೆ 571. ಕೆಳಗೆ ಕೈಮುಗಿದ ಚಿತ್ರ ಎರಡು, ಕೇಕಿನ ಚಿತ್ರ ಒಂದು. ಆಮೇಲೆ ಎಷ್ಟು ಜನ ನೋಡಿದರು ಅಂತ ಅರ್ಧ ಗಂಟೆಗೊಮ್ಮೆ ತೆಗೆದು ನೋಡಿದೆ. ಸಂಜೆ ಹೊತ್ತಿಗೆ 143 ಜನ. ಅತ್ತಿಗೆ ನೋಡಿಯೂ ಒಂದು ಮಾತು ಬರೆಯಲಿಲ್ಲ ಅಂತ ರಾತ್ರಿ ಮಲಗುವವರೆಗೂ ಕಸಿವಿಸಿ.

ಇದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು. ಹದಿಹರೆಯದ ಮಕ್ಕಳು ಮತ್ತು ಫೋನಿನ ಬಗ್ಗೆ ಬರೆಯುವವರೆಲ್ಲ ತಾವು ದಡದಲ್ಲಿ ಕೂತ ಹಾಗೆ ಬರೆಯುತ್ತಾರೆ. ನಾನು ನೀರಿನೊಳಗೇ ಇದ್ದೇನೆ.

ನಾವು ಶಿವಮೊಗ್ಗದಲ್ಲಿದ್ದೇವೆ. ನನ್ನ ತವರು ಹೊಸನಗರ ತಾಲೂಕಿನ ಒಂದು ಹಳ್ಳಿ. ಮನೆ, ಮನೆಯ ಕೆಳಗೆ ಅಡಿಕೆ ತೋಟ, ಮೇಲೆ ಸೊಪ್ಪಿನ ಬೆಟ್ಟ. ಈಗಲೂ ಮಳೆ ಜೋರಾದರೆ ಮೊದಲು ಕರೆಂಟು ಹೋಗುತ್ತದೆ, ಅದರ ಹಿಂದೆಯೇ ಟವರೂ ಸಾಯುತ್ತದೆ. 2020ರ ಲಾಕ್‌ಡೌನಿನಲ್ಲಿ ನಾವು ಅಲ್ಲಿದ್ದೆವು. ಮಗಳಿಗೆ ಆಗ ಹನ್ನೆರಡು. ಆನ್‌ಲೈನ್ ಕ್ಲಾಸಿಗೆ ಸಿಗ್ನಲ್ ಸಿಗುತ್ತಿದ್ದದ್ದು ಬೆಟ್ಟದ ನೆತ್ತಿಯಲ್ಲಿ ಮಾತ್ರ. ನನ್ನ ತಮ್ಮ ಅಡಿಕೆ ದಬ್ಬೆ ಕಟ್ಟಿ, ನೀಲಿ ಟಾರ್ಪಾಲು ಹೊದೆಸಿ ಒಂದು ಚಪ್ಪರ ಮಾಡಿಕೊಟ್ಟ. ಅಕ್ಕಪಕ್ಕದ ಮನೆಯ ಮಕ್ಕಳೂ ಬಂದು ಸೇರಿದರು. ಒಂದು ಕೈಯಲ್ಲಿ ಫೋನು, ಇನ್ನೊಂದರಲ್ಲಿ ಇಂಬಳಕ್ಕೆ, ಅಂದರೆ ಜಿಗಣೆಗೆ, ಹಾಕಲು ಉಪ್ಪಿನ ಪೊಟ್ಟಣ. ಸುತ್ತಮುತ್ತಲಿನ ಎಷ್ಟೋ ಹಳ್ಳಿಗಳಲ್ಲಿ ಆಗ ಇದೇ ಕಥೆ.

ಕ್ಲಾಸು ಮುಗಿದ ಮೇಲೂ ಮಕ್ಕಳು ಬೆಟ್ಟ ಇಳಿಯುತ್ತಿರಲಿಲ್ಲ. ಆ ವರ್ಷ ಜೂನ್ 29ರಂದು ಟಿಕ್‌ಟಾಕ್ ಬಂದ್ ಆಗಿತ್ತು. ಜುಲೈನಲ್ಲೇ ಇನ್‌ಸ್ಟಾಗ್ರಾಮ್ ರೀಲ್ಸ್ ಶುರು ಮಾಡಿತು. ಅದಕ್ಕೆ ಸೇರಲು ಹದಿಮೂರು ತುಂಬಿರಬೇಕು. ಮಗಳು ಹುಟ್ಟಿದ ವರ್ಷವನ್ನು ಎರಡು ಹಿಂದೆ ಹಾಕಿ ಒಳಗೆ ಹೋದಳು. ಪಾಠ ಕೇಳಲಿ ಅಂತ ಅವಳನ್ನು ನಾವೇ ಬೆಟ್ಟ ಹತ್ತಿಸಿದೆವು. ಅಲ್ಲಿ ಕಾದಿದ್ದದ್ದು ಪಾಠ ಒಂದೇ ಅಲ್ಲ.

'ನಮ್ಮ ಕಾಲದಲ್ಲಿ ಇದೆಲ್ಲ ಇರಲಿಲ್ಲ' ಅನ್ನುವ ಮಾತು ನನ್ನ ಬಾಯಲ್ಲೂ ಬರುತ್ತದೆ. ಅದು ಅರ್ಧ ಸುಳ್ಳು. 1993ರಲ್ಲಿ ನನಗೆ ಹದಿನೈದು. ಅಡಿಕೆ ಸುಗ್ಗಿಯಲ್ಲಿ ರಾತ್ರಿ ಹತ್ತು ಹನ್ನೆರಡು ಜನ ಮೆಟ್ಟುಗತ್ತಿ ಹಾಕಿಕೊಂಡು ಸುಲಿಯಲು ಕೂರುತ್ತಿದ್ದರು. ನಡುವೆ ರೇಡಿಯೋ. ಭದ್ರಾವತಿ ಆಕಾಶವಾಣಿ 1965ರಿಂದ ನಮ್ಮ ಕಡೆಯ ಮನೆಗಳಿಗೆ ಇನ್ನೊಬ್ಬ ನೆಂಟನ ಹಾಗೆ. ಅದರಲ್ಲಿ ಮೆಚ್ಚಿನ ಹಾಡು ಕೋರಿ 15 ಪೈಸೆಯ ಕಾರ್ಡು ಬರೆದೆ. ಮೂರು ವಾರ ಕಾದೆ. ಒಂದು ದಿನ ಹತ್ತಾರು ಹೆಸರುಗಳ ಮಧ್ಯೆ ನನ್ನ ಹೆಸರೂ ಬಂತು. ಅದೂ ತಪ್ಪು ಉಚ್ಚಾರ. ಆದರೂ ಒಂದು ವಾರ ನೆಲದ ಮೇಲೆ ಕಾಲಿರಲಿಲ್ಲ. ಮುಂದಿನ ತಿಂಗಳು ಪಕ್ಕದೂರಿನ ಹುಡುಗಿಯ ಹೆಸರು ಬಂದಾಗ ಹೊಟ್ಟೆಯಲ್ಲಿ ಮೆಣಸಿನಕಾಯಿ ಅರೆದ ಹಾಗಾಯಿತು.

ಹಾಗಾಗಿ ಆಸೆ ಹಳೆಯದೇ. ನಾಲ್ಕು ಜನ ನನ್ನ ಹೆಸರು ಕೇಳಲಿ ಅನ್ನುವುದು ಆ ವಯಸ್ಸಿನ ಹಸಿವು. ಡೇವಿಡ್ ಎಲ್ಕಿಂಡ್ ಅನ್ನುವ ಅಮೆರಿಕದ ಮನಃಶಾಸ್ತ್ರಜ್ಞ 1967ರಲ್ಲೇ ಇದರ ಇನ್ನೊಂದು ಮುಖದ ಬಗ್ಗೆ ಬರೆದಿದ್ದರು. ಹದಿಹರೆಯದವರ ತಲೆಯೊಳಗೆ ಒಂದು ಕಾಲ್ಪನಿಕ ಪ್ರೇಕ್ಷಕರ ಗುಂಪು ಕೂತಿರುತ್ತದಂತೆ. ಮೂಗಿನ ಮೇಲೆ ಒಂದು ಮೊಡವೆ ಎದ್ದರೆ ಇಡೀ ಬಸ್ಸು ಅದನ್ನೇ ನೋಡುತ್ತಿದೆ ಅನ್ನಿಸುತ್ತದಲ್ಲ, ಅದು. ನನಗೆ ಆ ಪ್ರೇಕ್ಷಕರು ಬಸ್ಸು ಇಳಿದರೆ ಇರುತ್ತಿರಲಿಲ್ಲ. ರೇಡಿಯೋದಲ್ಲಿ ಹೆಸರು ಬಂದು ಗಾಳಿಯಲ್ಲಿ ಹೋಯಿತು. ಎಷ್ಟು ಜನ ಕೇಳಿದರು ಅಂತ ಲೆಕ್ಕ ಇಲ್ಲ. ಕೇಳಿ ನಕ್ಕವರ ಲೆಕ್ಕವೂ ಇಲ್ಲ. ಮತ್ತೆ ಅಡಿಕೆ ಸುಲಿಯುವುದೇ. ಮಗಳಿಗೆ ಆ ಪ್ರೇಕ್ಷಕರು ಕಲ್ಪನೆಯಲ್ಲ. ನಿಜವಾಗಿಯೂ ಕೂತಿದ್ದಾರೆ, ತಲೆ ಎಣಿಸಬಹುದು, ಎದ್ದು ಹೋದವರು ಯಾರು ಅಂತಲೂ ಗೊತ್ತಾಗುತ್ತದೆ.

ಈ ಆಸೆ ಚಟವಾಗುವುದು ಹೇಗೆ ಅನ್ನುವುದಕ್ಕೆ ದೊಡ್ಡ ವಿಜ್ಞಾನ ಬೇಡ. ನಮ್ಮ ಕಡೆ ಓಸಿ, ಅಂದರೆ ನಂಬರಿನ ಜೂಜು, ಆಡುವವರನ್ನು ನೋಡಿದರೆ ಸಾಕು. ದಿನಾ ನಂಬರು ಹತ್ತಿದ್ದರೆ ಅದು ಸಂಬಳ ಆಗುತ್ತಿತ್ತು. ಯಾವತ್ತೂ ಹತ್ತದಿದ್ದರೆ ಯಾರೂ ಆಡುತ್ತಿರಲಿಲ್ಲ. ಯಾವಾಗ ಹತ್ತುತ್ತದೆ ಅಂತ ಗೊತ್ತಿಲ್ಲದ್ದೇ ಹಿಡಿದು ಕೂರಿಸುವುದು. ಮನಃಶಾಸ್ತ್ರಜ್ಞ ಬಿ. ಎಫ್. ಸ್ಕಿನ್ನರ್ ಪಾರಿವಾಳಗಳಿಗೆ ಕಾಳು ಹಾಕಿ ಇದನ್ನೇ ತೋರಿಸಿದ್ದರು. ಫೋನಿನಲ್ಲಿ ಬೆರಳು ಎಳೆದಷ್ಟೂ ಮುಗಿಯದ ಪುಟವನ್ನು 2006ರಲ್ಲಿ ರೂಪಿಸಿದ ಏಜಾ ರಾಸ್ಕಿನ್ ಆಮೇಲೆ ತಾವೇ ಅದಕ್ಕೆ ಪಶ್ಚಾತ್ತಾಪ ಪಟ್ಟರು. ಪುಸ್ತಕಕ್ಕೆ ಕೊನೇ ಪುಟ ಇದೆ, ಯಕ್ಷಗಾನದ ಆಟಕ್ಕೆ ಮಂಗಳ ಇದೆ. ಇದಕ್ಕೆ ಇಲ್ಲ.

ಆದರೆ ನನ್ನನ್ನು ಕಾಡಿದ್ದು ಗಂಟೆಗಳ ಲೆಕ್ಕಕ್ಕಿಂತ ಬೇರೆ ಒಂದು ಸಂಗತಿ. ಒಂಬತ್ತನೇ ಕ್ಲಾಸಿನಲ್ಲಿ ಮಗಳು 'ಎಂತ' ಅನ್ನುವುದನ್ನು ಬಿಟ್ಟಳು. ಬೆಂಗಳೂರಿನ ನೆಂಟರ ಮಕ್ಕಳು ನಕ್ಕರಂತೆ. 'ಏನು' ಕಲಿತಳು. 'ಹೌದನಾ' ಹೋಗಿ 'ಹೌದಾ' ಬಂತು. ಅದಾಗಿ ವರ್ಷ ಕಳೆಯುವುದರೊಳಗೆ ರೀಲ್ಸಿನಲ್ಲಿ ಮಲೆನಾಡು ಫ್ಯಾಷನ್ ಆಯಿತು. ಹಂಚಿನ ಮಾಡಿನಿಂದ ಇಳಿಯುವ ಮಳೆ, ಹಬೆಯಾಡುವ ಕಡುಬು, ಕಂಬಳಿ ಕೊಪ್ಪೆ, ಆಗುಂಬೆಯ ಮಂಜು. 'ಎಂತ ಮಾರಾಯ್ರೆ' ಅಂದವರಿಗೆ ಸಾವಿರಾರು ಲೈಕು. ಮಗಳ ಬಾಯಿಗೂ 'ಎಂತ' ವಾಪಸ್ ಬಂತು. ಆದರೆ ಅದು ಬೇರೆ 'ಎಂತ'. ಸ್ವಲ್ಪ ಎಳೆದದ್ದು, ಸ್ವಲ್ಪ ಬಣ್ಣ ಬಳಿದದ್ದು. ಕ್ಯಾಮೆರಾಗೆ 'ಎಂತ', ಮನೆಯಲ್ಲಿ 'ಏನು'.

ತವರಿಗೆ ಹೋದಾಗ ಜಗಲಿಯ ತುದಿಯಲ್ಲಿ ನಿಂತು ಮಳೆಯ ವಿಡಿಯೋ ಮಾಡುತ್ತಾಳೆ. ಹದಿನೈದು ಸೆಕೆಂಡು ಮಳೆ, ಹಿಂದೆ ಮೆತ್ತಗಿನ ಪಿಯಾನೋ. ಅದೇ ಹೊತ್ತಿಗೆ ಅವಳ ಬೆನ್ನ ಹಿಂದೆ ನನ್ನ ಅಪ್ಪಯ್ಯ ಕೂತು ಗೊಣಗುತ್ತಿರುತ್ತಾರೆ. ಮಳೆ ಎರಡು ದಿನ ಹೊಳವಾಗದಿದ್ದರೆ ಎರಡನೇ ಸಲದ ಔಷಧಿ ಹೊಡೆಯಲು ಆಗುವುದಿಲ್ಲ. ಹೊಡೆಯದಿದ್ದರೆ ಕೊಳೆ ಬಂದು ಅಡಿಕೆ ಉದುರುತ್ತದೆ. ಅವರ ಗೊಣಗಾಟ ವಿಡಿಯೋದಲ್ಲಿ ಬಂದಿದ್ದರೆ ಅವಳು ಮ್ಯೂಟ್ ಮಾಡುತ್ತಾಳೆ.

ಇದನ್ನು ಬರೆದು ನನಗೇ ಸ್ವಲ್ಪ ಅನ್ಯಾಯ ಅನ್ನಿಸಿತು. ಯಾಕೆಂದರೆ ಆ ಮನೆ ಚೆಂದ ಇದೆ ಅಂತ ಅವಳು ಕಂಡದ್ದು ಫೋನಿನ ಮೂಲಕವೇ. ಅದಕ್ಕೆ ಮೊದಲು ಅವಳಿಗೆ ಅದು ನೆಟ್‌ವರ್ಕ್ ಇಲ್ಲದ ಅಜ್ಜನ ಮನೆ ಅಷ್ಟೇ. ನನಗೂ ಆ ವಯಸ್ಸಿನಲ್ಲಿ ಅದು ಸೆಗಣಿ ಬಾಚುವ ಜಾಗ. ಇನ್ನೊಂದು ಮಾತೂ ಹೇಳಬೇಕು. ಅದೇ ಊರಿನಲ್ಲಿ ಮಾತು ತೊದಲುವ ಒಬ್ಬ ಹುಡುಗ ಇದ್ದಾನೆ. ಶಾಲೆಯಲ್ಲಿ ಅವನಿಗೆ ಬಾಯಿ ಬಿಡಲು ಯಾರೂ ಬಿಟ್ಟಿರಲಿಲ್ಲ. ತನ್ನ ಹಾಗೆ ತೊದಲುವವರು ಕ್ಯಾಮೆರಾದ ಮುಂದೆ ಧೈರ್ಯವಾಗಿ ಮಾತಾಡುವುದನ್ನು ಅವನು ನೋಡಿದ್ದು ಫೋನಿನಲ್ಲಿ. ಈಗ ಹಾಲಿನ ಡೈರಿಯ ಮುಂದೆ ನಿಂತು ಎಲ್ಲರ ಜೊತೆ ಹರಟುತ್ತಾನೆ, ನಿಧಾನಕ್ಕೆ. ಊರಿನಲ್ಲಿ ತಾನೊಬ್ಬನೇ ಹೀಗೆ ಅಂದುಕೊಂಡ ಮಗುವಿಗೆ, ನೀನೊಬ್ಬನೇ ಅಲ್ಲ ಅಂತ ಹೇಳುವವರು ಮೊದಲು ಎಲ್ಲಿದ್ದರು?

ಇನ್ನು ಆ ದಿನದ ವಿಷಯ. 2024ರ ಆಗಸ್ಟ್, ಮಗಳು ಮೊದಲ ಪಿಯುಸಿ. ಅವಳು ಸ್ನಾನಕ್ಕೆ ಹೋಗಿದ್ದಳು. ಫೋನು ಊಟದ ಟೇಬಲ್ಲಿನ ಮೇಲೆ ಲಾಕ್ ಆಗದೆ ಬಿದ್ದಿತ್ತು. ಟೈಮ್ ನೋಡಲು ಎತ್ತಿಕೊಂಡೆ ಅಂತ ಆಮೇಲೆ ಹೇಳಿದೆ. ಗೋಡೆ ಗಡಿಯಾರ ಎದುರಿಗೇ ಇತ್ತು.

ಅವಳಿಗೆ ಎರಡು ಅಕೌಂಟ್. ಒಂದು ನಮಗೆಲ್ಲ ಗೊತ್ತಿದ್ದದ್ದು. ಆರುನೂರು ಚಿಲ್ಲರೆ ಫಾಲೋವರ್ಸ್, ಮಳೆ, ಕಡುಬು, ಫಿಲ್ಟರ್ ಹಾಕಿದ ಮುಖ. ಆ ಫಿಲ್ಟರಿನಲ್ಲಿ ಅವಳ ಮೂಗು ಸಣ್ಣ ಆಗುತ್ತಿತ್ತು. ಅಪ್ಪಯ್ಯನಿಂದ ನನಗೆ, ನನ್ನಿಂದ ಅವಳಿಗೆ ಬಂದ ಮೂಗು ಅದು. ಇನ್ನೊಂದು ಅಕೌಂಟಿನಲ್ಲಿ ಹನ್ನೊಂದೇ ಜನ. ಅಲ್ಲಿ ಫಿಲ್ಟರ್ ಇರಲಿಲ್ಲ. ಮೊಡವೆ ಎದ್ದ ಕೆನ್ನೆ ಹತ್ತಿರದಿಂದ. ಅತ್ತು ಊದಿದ ಕಣ್ಣು. ಫಿಸಿಕ್ಸ್ ಟೆಸ್ಟಿನಲ್ಲಿ 25ಕ್ಕೆ 9 ಬಂದ ಪೇಪರು. ಶ್ರುತಿ ತಪ್ಪಿ ಹಾಡಿದ ಹಾಡು. ಅಪ್ಪಯ್ಯನ ಥರ ಗೊಣಗಿ ತೋರಿಸಿದ ವಿಡಿಯೋ, ಅದರಲ್ಲಿ ಹಳೆಯ 'ಎಂತ' ಇತ್ತು, ಎಳೆಯದ 'ಎಂತ'. ಮತ್ತೆ ಮೇ ತಿಂಗಳ ಒಂದು ಪೋಸ್ಟು, ಕಪ್ಪು ಹಿನ್ನೆಲೆಯ ಮೇಲೆ ಬಿಳಿ ಅಕ್ಷರ: 'ಆರುನೂರು ಬರಲಿಲ್ಲ ಅಂತ ಬಾತ್‌ರೂಮಲ್ಲಿ ಅತ್ತು ಮುಗಿಸೋದ್ರೊಳಗೆ ಅಮ್ಮ ಸ್ಟೇಟಸ್ ಹಾಕಿದಾಳೆ. ಈಗ ಎಲ್ಲರಿಗೂ ಖುಷಿಯಾಗಿ ಥ್ಯಾಂಕ್ಸ್ ಹೇಳ್ಬೇಕು.'

ಅವಳು ಅತ್ತದ್ದು ನನಗೆ ಗೊತ್ತೇ ಇರಲಿಲ್ಲ. ನಾನು ವ್ಯೂಸ್ ಎಣಿಸುತ್ತಿದ್ದೆ.

ಇಷ್ಟು ಓದಿ ಸುಮ್ಮನೆ ಫೋನು ಇಟ್ಟಿದ್ದರೆ ಎಷ್ಟೋ ಚೆನ್ನಾಗಿತ್ತು. ಅವಳು ತಲೆ ಒರೆಸಿಕೊಂಡು ಬರುತ್ತಿದ್ದ ಹಾಗೆ ಕೇಳಿಬಿಟ್ಟೆ. "ಹನ್ನೊಂದು ಜನಕ್ಕೆ ಹೇಳ್ತೀಯ, ನನಗೆ ಹೇಳಕ್ಕಾಗಲ್ವಾ?" ಅವಳು ಜಗಳ ಆಡಲಿಲ್ಲ. ಫೋನು ತೆಗೆದುಕೊಂಡು ಒಳಗೆ ಹೋದಳು. ರಾತ್ರಿಯೊಳಗೆ ಆ ಅಕೌಂಟ್ ಅಳಿಸಿದ್ದಳು. ಮುಂದಿನ ಮೂರು ವಾರ ಮನೆಯಲ್ಲಿ ಒಂದೊಂದೇ ಪದ. ಹ್ಞಾಂ. ಬೇಡ. ಸಾಕು.

ಆ ರಾತ್ರಿ ನಿದ್ದೆ ಬಾರದೆ ನಾನು ಮಾಡಿದ್ದೂ ಫೋನು ನೋಡುವುದನ್ನೇ. ಹುಡುಕಿದಷ್ಟೂ ಹೆದರಿಕೆ. 2021ರಲ್ಲಿ ಇನ್‌ಸ್ಟಾಗ್ರಾಮ್‌ನ ಒಡೆತನವೂ ಇರುವ ಫೇಸ್‌ಬುಕ್ ಕಂಪನಿಯ ಒಳಗಿನ ಕಾಗದಗಳು, ಅಲ್ಲೇ ಕೆಲಸ ಮಾಡಿದ್ದ ಫ್ರಾನ್ಸಿಸ್ ಹಾಗೆನ್ ಅನ್ನುವವರ ಮೂಲಕ ಹೊರಗೆ ಬಂದವು. ದೇಹದ ಬಗ್ಗೆ ಮೊದಲೇ ಬೇಸರ ಇದ್ದ ಹುಡುಗಿಯರಲ್ಲಿ ಸುಮಾರು ಮೂವರಲ್ಲಿ ಒಬ್ಬಳಿಗೆ ಇನ್‌ಸ್ಟಾಗ್ರಾಮ್ ಆ ಬೇಸರ ಹೆಚ್ಚಿಸುತ್ತದೆ ಅಂತ ಕಂಪನಿಯದೇ ಸಮೀಕ್ಷೆ ಹೇಳಿತ್ತು. ಅದನ್ನು ಹಾಗೆ ಓದಬಾರದು ಅಂತ ಕಂಪನಿ ವಾದಿಸಿತು. 2023ರಲ್ಲಿ ಅಮೆರಿಕದ ಸರ್ಜನ್ ಜನರಲ್, ಅಂದರೆ ಜನರ ಆರೋಗ್ಯದ ಬಗ್ಗೆ ಸರ್ಕಾರದ ಪರವಾಗಿ ಮಾತಾಡುವ ಮುಖ್ಯ ವೈದ್ಯ, ಆಗಿದ್ದ ವಿವೇಕ್ ಮೂರ್ತಿ ಎಚ್ಚರಿಕೆ ಹೊರಡಿಸಿದರು. ನಮ್ಮ ಮಂಡ್ಯ ಜಿಲ್ಲೆಯ ಹಲ್ಲೇಗೆರೆ ಮೂಲದವರು. ದಿನಕ್ಕೆ ಮೂರು ಗಂಟೆಗಿಂತ ಜಾಸ್ತಿ ಸೋಷಿಯಲ್ ಮೀಡಿಯಾದಲ್ಲಿರುವ ಮಕ್ಕಳಲ್ಲಿ ಖಿನ್ನತೆ, ಆತಂಕದ ಲಕ್ಷಣಗಳ ಅಪಾಯ ಎರಡು ಪಟ್ಟು ಅಂತ ಅದರಲ್ಲಿ ಇತ್ತು. ಎದ್ದು ಹೋಗಿ ಮಗಳ ಕೋಣೆಯ ಬಾಗಿಲು ಸಂದಿಯಿಂದ ನೋಡಿ ಬಂದೆ. ಮಲಗಿದ್ದಳು.

ಅದೇ ರಾತ್ರಿ ಇನ್ನೊಂದೂ ಸಿಕ್ಕಿತು. 2019ರಲ್ಲಿ ಏಮಿ ಆರ್ಬೆನ್ ಮತ್ತು ಆಂಡ್ರ್ಯೂ ಶಿಬಿಲ್ಸ್ಕಿ ಎಂಬ ಇಬ್ಬರು ಆಕ್ಸ್‌ಫರ್ಡಿನಲ್ಲಿ ಕೂತು 3,55,000ಕ್ಕೂ ಹೆಚ್ಚು ಮಕ್ಕಳ ಲೆಕ್ಕ ತೆಗೆದಿದ್ದರು. ಮಕ್ಕಳ ನೆಮ್ಮದಿಯ ಏರುಪೇರಿನಲ್ಲಿ ಡಿಜಿಟಲ್ ಬಳಕೆಯ ಪಾಲು ಹೆಚ್ಚೆಂದರೆ ಶೇಕಡಾ 0.4. ಆಲೂಗಡ್ಡೆ ತಿನ್ನುವುದಕ್ಕೂ ನೆಮ್ಮದಿಗೂ ಹೆಚ್ಚುಕಮ್ಮಿ ಅಷ್ಟೇ ನಂಟು ಕಂಡಿತಂತೆ. ಕನ್ನಡಕ ಹಾಕುವುದಕ್ಕೆ ಅದಕ್ಕಿಂತ ಜಾಸ್ತಿ. ರಾತ್ರಿ ಎರಡು ಗಂಟೆಗೆ ನಾನೊಬ್ಬಳೇ ನಕ್ಕೆ.

ಎರಡೂ ನಿಜ ಇರಬಹುದು ಅಂತ ಈಗ ನನಗೆ ಅನ್ನಿಸುತ್ತದೆ. ಲಕ್ಷಗಟ್ಟಲೆ ಮಕ್ಕಳನ್ನು ಒಟ್ಟಿಗೆ ರುಬ್ಬಿ ಸರಾಸರಿ ತೆಗೆದರೆ ಖಾರವೂ ಇಲ್ಲ, ಉಪ್ಪೂ ಇಲ್ಲ. ತೊದಲುವ ಹುಡುಗನಿಗೆ ಸಿಕ್ಕಿದ್ದು, ಮೂಗು ನೋಡಿಕೊಂಡು ಕೊರಗುವ ಹುಡುಗಿ ಕಳೆದುಕೊಂಡದ್ದು, ಎರಡೂ ಸೇರಿ ಸೊನ್ನೆ. ಆದರೆ ನಮ್ಮ ಮನೆಯಲ್ಲಿ ಇರುವುದು ಸರಾಸರಿ ಮಗು ಅಲ್ವಲ್ಲ. ನಿದ್ದೆ ಕೆಟ್ಟಿದ್ದರೆ, ಊಟ ಬಿಟ್ಟಿದ್ದರೆ, ಕಾಲೇಜಿಗೆ ಹೋಗಲ್ಲ ಅಂತ ಕೂತರೆ ಅದು ಬೇರೆ ಮಾತು. ಅದಕ್ಕೆ ಬೆಂಗಳೂರಿನ ನಿಮ್ಹಾನ್ಸಿನಲ್ಲಿ 2014ರಿಂದಲೇ ಒಂದು ಕ್ಲಿನಿಕ್ ಇದೆ. 14416ಕ್ಕೆ ಫೋನು ಮಾಡಿದರೆ ಸರ್ಕಾರದ ಸಹಾಯವಾಣಿ ಟೆಲಿ ಮಾನಸ್‌ನವರು ಕನ್ನಡದಲ್ಲೇ ಮಾತಾಡುತ್ತಾರೆ, ದುಡ್ಡಿಲ್ಲ. ನನ್ನ ಮಗಳಿಗೆ ಬೇಕಾಗಿದ್ದದ್ದು ಅದಲ್ಲ. ಅವಳಿಗೆ ಬೇಕಾಗಿದ್ದದ್ದು ಅವಳ ಹತ್ತಿರ ಇತ್ತು, ನಾನು ಕಿತ್ತುಕೊಂಡಿದ್ದೆ. ಆದರೆ ಇದು ನನಗೆ ತಿಳಿದದ್ದು ಆರು ತಿಂಗಳ ಮೇಲೆ.

ಫೆಬ್ರವರಿಯಲ್ಲಿ ತವರಿನ ಹತ್ತಿರ ಒಂದು ಮನೆಯವರ ಹರಕೆ ಆಟ, ಅಂದರೆ ಹರಕೆಯ ಯಕ್ಷಗಾನ, ಇತ್ತು. ಘಟ್ಟದ ಕೆಳಗಿನಿಂದ ಮೇಳ ಹತ್ತಿ ಬಂದಿತ್ತು. ಅಪ್ಪಯ್ಯ ಚಿಕ್ಕ ಪ್ರಾಯದಲ್ಲಿ ಮೇಳದ ಜೊತೆ ಎರಡು ತಿರುಗಾಟ ಮಾಡಿದವರು. ಆಮೇಲೆ ತೋಟ, ಮದುವೆ, ನಾವು. ಹಾಗಾಗಿ ಆಟ ಅಂದರೆ ಅವರು ರಂಗದ ಮುಂದೆ ಕೂರುವುದಕ್ಕಿಂತ ಚೌಕಿಯಲ್ಲಿ ಹೊತ್ತು ಕಳೆಯುವುದೇ ಜಾಸ್ತಿ. ಗೊತ್ತಿಲ್ಲದವರಿಗೆ ಹೇಳುವುದಾದರೆ, ರಂಗಸ್ಥಳದ ಹಿಂದೆ ಕಲಾವಿದರು ಬಣ್ಣ ಹಚ್ಚಿಕೊಳ್ಳುವ ಜಾಗ ಚೌಕಿ. ಗಣಪತಿಯ ಪೂಜೆ ಅಲ್ಲೇ. ಸಾಲಾಗಿ ಪೆಟ್ಟಿಗೆಗಳು, ಕೈಯಲ್ಲಿ ಸಣ್ಣ ಕನ್ನಡಿ, ಅರದಾಳ, ಇಂಗಳೀಕ, ಕಾಡಿಗೆ. ಮಗಳು ಬೇಸರದಲ್ಲೇ ಅಜ್ಜನ ಹಿಂದೆ ಹೋದಳು. ನೆಟ್‌ವರ್ಕ್ ಇರಲಿಲ್ಲವಲ್ಲ.

ಅಜ್ಜ ಅವಳಿಗೆ ತನ್ನ ಮೊದಲ ತಿರುಗಾಟದ ಕಥೆ ಹೇಳುತ್ತಿದ್ದರು. "ನಾ ಎಂತ ಮಾಡಿದ್ದೆ ಗೊತ್ತಾ ಮಗಾ? ಕೋಡಂಗಿ. ಆಟ ಶುರುವಾಗೋ ಮೊದ್ಲು, ಪೂರ್ವರಂಗದಲ್ಲಿ. ಆಗ ಎದುರಿಗೆ ಇರ್ತಿದ್ದದ್ದು ನಾಲ್ಕು ಮಕ್ಳು, ಕಡಲೆ ಮಾರೋನು, ಒಂದು ನಾಯಿ. ಹೆಜ್ಜೆ ತಪ್ಪಿದ್ರೂ ನಾಯಿಗೇ ಗೊತ್ತಾಗ್ಬೇಕು. ಆಮೇಲೆ ಬಾಲಗೋಪಾಲ. ಎರಡನೇ ವರ್ಷ ಸ್ತ್ರೀವೇಷ ಕೊಟ್ರು." ಮಗಳು ಕೇಳಿದಳು, "ಅಜ್ಜಯ್ಯ, ನೀವು ಹೆಂಗಸಾಗಿದ್ರಾ?" ಅವರು ಕೂತಲ್ಲೇ ಕತ್ತು ಓರೆ ಮಾಡಿ ಸೆರಗು ಹಿಡಿದ ಹಾಗೆ ಕೈ ತಂದರು. ಎಪ್ಪತ್ತೆಂಟರ ಗಂಡಸು, ಒಂದು ಕ್ಷಣ ಹದಿನೇಳರ ಹುಡುಗಿ. ಪಕ್ಕದ ಪೆಟ್ಟಿಗೆಯ ಮೇಲೆ ಕೂತ ಕಲಾವಿದರೂ ನಕ್ಕರು.

ನನ್ನ ತಲೆಯಲ್ಲಿ ಏನೋ ಕಟಕ್ ಅಂದಿತು. ಹದಿನಾರು ಹದಿನೇಳರಲ್ಲಿ ಕೋಡಂಗಿ ಆಗಬೇಕು, ಹೆಣ್ಣಾಗಬೇಕು, ಗೋಪಾಲ ಆಗಬೇಕು. ಯಾರೂ ನೋಡದ ಹೊತ್ತಿನಲ್ಲಿ ಹೆಜ್ಜೆ ತಪ್ಪಬೇಕು. ಎರಿಕ್ ಎರಿಕ್ಸನ್ ಅನ್ನುವ ಮನಃಶಾಸ್ತ್ರಜ್ಞ ಕೂಡ ಇಂಥದ್ದನ್ನೇ ಹೇಳಿದ್ದು. ಆ ವಯಸ್ಸಿನವರಿಗೆ ಬೇರೆ ಬೇರೆ ಪಾತ್ರ ಹಾಕಿ ನೋಡಲು, ಬೇಡವಾದರೆ ಬಿಡಲು ಒಂದಿಷ್ಟು ಬಿಡುವು ಬೇಕು ಅಂತ. ನಮ್ಮ ಮಕ್ಕಳಿಗೆ ಮೊದಲ ದಿನವೇ ನಡುರಾತ್ರಿಯ ಪ್ರಸಂಗ. ಎದುರಿಗೆ ಇಡೀ ಊರು. ತಪ್ಪಿದ ಹೆಜ್ಜೆ ಸ್ಕ್ರೀನ್‌ಶಾಟಿನಲ್ಲಿ ಉಳಿಯುತ್ತದೆ. (ಈಗ ಕಾಲಮಿತಿಯ ಆಟಗಳಲ್ಲೂ ಪೂರ್ವರಂಗಕ್ಕೆ ಕತ್ತರಿ ಬಿದ್ದಿದೆ, ಕೋಡಂಗಿಗೆ ಜಾಗ ಇಲ್ಲ. ಅದು ಅಪ್ಪಯ್ಯನ ಬೇರೆ ದುಃಖ.)

ಬೆಳಗಿನ ಜಾವ ಆಟ ಮುಗಿಯಿತು. ಮಗಳು ಫೋನು ಹಿಡಿದು ಮತ್ತೆ ಚೌಕಿಗೆ ಹೋದಳು. ರಾತ್ರಿ ಮೆರೆದ ರಾಜ ವೇಷದವರು ಕಿರೀಟ ಬಿಚ್ಚಿಟ್ಟು, ಕೊಬ್ಬರಿ ಎಣ್ಣೆ ಬಳಿದು, ಹಳೇ ಪಂಚೆಯ ತುಂಡಿನಲ್ಲಿ ಮುಖ ಉಜ್ಜುತ್ತಿದ್ದರು. ಅರ್ಧ ಮುಖದಲ್ಲಿ ಬಣ್ಣ, ಇನ್ನರ್ಧ ದಣಿದ ಗಂಡಸಿನದು. ಅವಳು ಫೋನು ಎತ್ತಿದಳು. ಅವರು ಎಣ್ಣೆ ಕೈ ಅಡ್ಡ ಹಿಡಿದು, "ಈಗ ಬೇಡ ಮಗಳೇ. ರಾತ್ರಿ ಎಷ್ಟು ಬೇಕಾದ್ರೂ ತೆಗೀಬಹುದಿತ್ತು" ಅಂದರು. ಸಿಟ್ಟಿರಲಿಲ್ಲ. ಅವಳು ಫೋನು ಇಳಿಸಿದಳು. ಅಪ್ಪಯ್ಯ ತಮ್ಮ ಪಾಡಿಗೆ ಹೇಳಿದರು, "ಬಣ್ಣ ತೆಗೀದೆ ಮಲಗಿದ್ರೆ ಮುಖ ಉರೀತದೆ."

ಆ ಹನ್ನೊಂದು ಜನರ ಅಕೌಂಟ್ ಅವಳ ಚೌಕಿ. ನಾನು ಪರದೆ ಸರಿಸಿ ನುಗ್ಗಿದ್ದೆ. ನುಗ್ಗಿ, ನನಗೆ ಯಾಕೆ ಟಿಕೆಟ್ ಕೊಟ್ಟಿಲ್ಲ ಅಂತ ಜಗಳ ತೆಗೆದಿದ್ದೆ.

ವಾಪಸ್ ಬರುವಾಗ ಬಸ್ಸಿನಲ್ಲಿ ಅವಳಿಗೆ ಸಾರಿ ಹೇಳಿದೆ. ಕಿವಿಯಲ್ಲಿ ಇಯರ್‌ಫೋನ್ ಇತ್ತು, ಕೇಳಿಸಿತೋ ಇಲ್ಲವೋ ಅಂದುಕೊಂಡೆ. ಆಯನೂರು ದಾಟಿದ ಮೇಲೆ ಹೇಳಿದಳು. "ಅಮ್ಮ, ನಿನ್ನ ಫೇಸ್‌ಬುಕ್ಕಲ್ಲಿ ನಾನು ಬಟ್ಟೆ ಇಲ್ದೆ ಹಂಡೆ ಪಕ್ಕ ನಿಂತಿರೋ ಫೋಟೋ ಇದೆ. ಕ್ಲಾಸಲ್ಲಿ ಒಬ್ಳಿಗೆ ಸಿಕ್ಕಿದೆ."

2010ರಲ್ಲಿ ಫೇಸ್‌ಬುಕ್ ಸೇರಿದಾಗಿನಿಂದ ನಾನು ಹಾಕಿದ ಅವಳ ಫೋಟೋ 212. ಎರಡು ಸಂಜೆ ಪಕ್ಕದಲ್ಲಿ ಕೂತು ಒಂದೊಂದೇ ಅಳಿಸಿದೆವು. ಮೊದಲ ಸ್ನಾನ, ಕಿವಿ ಚುಚ್ಚಿದ್ದು, ಸ್ಕೂಲ್ ಡೇಯ ಕೃಷ್ಣ ವೇಷ, ಹಲ್ಲು ಬಿದ್ದ ನಗು. ಒಂದನ್ನೂ ನಾನು ಅವಳನ್ನು ಕೇಳಿ ಹಾಕಿರಲಿಲ್ಲ. ಹುಟ್ಟಿದ ವರ್ಷ ಸುಳ್ಳು ಹೇಳಿ ಅವಳು ರಂಗಕ್ಕೆ ಬಂದದ್ದು ಹನ್ನೆರಡರಲ್ಲಿ. ನಾನು ಅವಳನ್ನು ಎರಡನೇ ವರ್ಷಕ್ಕೇ ಎತ್ತಿ ನಿಲ್ಲಿಸಿದ್ದೆ.

2025ರ ಡಿಸೆಂಬರಿನಲ್ಲಿ ಆಸ್ಟ್ರೇಲಿಯಾದಲ್ಲಿ ಹದಿನಾರು ತುಂಬದವರಿಗೆ ಸೋಷಿಯಲ್ ಮೀಡಿಯಾ ಅಕೌಂಟ್ ಇಲ್ಲ ಅನ್ನುವ ಕಾನೂನು ಜಾರಿಗೆ ಬಂತು. ಸುದ್ದಿ ನೋಡುತ್ತಾ ಅವಳನ್ನು ಕೇಳಿದೆ, ಇಲ್ಲೂ ಬಂದರೆ ಒಳ್ಳೇದಾ ಅಂತ. "ನಾನು ಹನ್ನೆರಡಕ್ಕೇ ಹದಿನಾಲ್ಕು ಆದವಳು, ನನ್ನ ಕೇಳ್ತೀಯಲ್ಲ" ಅಂದಳು. ಸ್ವಲ್ಪ ಹೊತ್ತು ಬಿಟ್ಟು, "ಅಮ್ಮಂದಿರಿಗೂ ಒಂದು ವಯಸ್ಸು ಇಡ್ಬೇಕು" ಅಂದಳು.

ರಾತ್ರಿ ಹತ್ತರ ಮೇಲೆ ಮೂರೂ ಜನರ ಫೋನು ಅಡುಗೆಮನೆಯ ಶೆಲ್ಫಿನ ಮೇಲೆ. ಈ ನಿಯಮ ಮುರಿಯುವುದು ಹೆಚ್ಚಾಗಿ ನನ್ನ ಗಂಡ, ಕ್ರಿಕೆಟ್ ಇದ್ದ ದಿನ. ಮಗಳು ಆರುನೂರರ ಅಕೌಂಟಿನಲ್ಲಿ ಈಗಲೂ ಮಳೆ ಹಾಕುತ್ತಾಳೆ. ಬೇರೆ ಹೆಸರಿನಲ್ಲಿ ಇನ್ನೊಂದು ಸಣ್ಣ ಅಕೌಂಟ್ ಇದೆ ಅಂತ ನನಗೆ ಅನುಮಾನ. ಫೋನು ಹಿಡಿದು ಒಬ್ಬಳೇ ಕಿಸಕ್ಕನೆ ನಗುವ ರೀತಿಯಲ್ಲೇ ಗೊತ್ತಾಗುತ್ತದೆ. ಹುಡುಕಿಲ್ಲ. ಹುಡುಕಬೇಕು ಅನ್ನಿಸಿದಾಗ ಎದ್ದು ಹೋಗಿ ಪಾತ್ರೆ ತೊಳೆಯುತ್ತೇನೆ. ಇತ್ತೀಚೆಗೆ ನಮ್ಮ ಮನೆಯ ಪಾತ್ರೆ ತುಂಬಾ ಚೊಕ್ಕ ಇರುತ್ತವೆ.

ಈ ಬರಹವನ್ನು ಅವಳಿಗೆ ತೋರಿಸಿಯೇ ಹಾಕುತ್ತಿದ್ದೇನೆ. ಹಂಡೆಯ ಫೋಟೋ ವಿಷಯ ಇರಲಿ ಅಂದಳು. ಬೇರೆ ಎರಡು ಪ್ಯಾರಾ ತೆಗೆಸಿದಳು. ಇಡೀ ಬರಹದಲ್ಲಿ ಚೆನ್ನಾಗಿ ಬಂದಿದ್ದದ್ದು ಅವೇ.